ಕಾಲು ಗಂಟೆಯ ಸಂಗೀತ, ಅರವತ್ತು ವರ್ಷಗಳ ಓಡಾಟ

ಫ್ರಾನ್ಸಿನ ಸಂಗೀತಗಾರ ಜಾರ್ಜ್ ದೆಲರೂ 1963ರಲ್ಲಿ ನಿರ್ದೇಶಕ ಝಾನ್ ಲುಕ್ ಗೊದಾರ್ ಅವರಿಗೆ ಬರೆದುಕೊಟ್ಟದ್ದು ಸುಮಾರು ಕಾಲು ಗಂಟೆಯಷ್ಟು ಸಂಗೀತ. ಚಿತ್ರ ‘ಲ ಮೆಪ್ರಿ’. ನಮ್ಮ ಫಿಲ್ಮ್ ಸೊಸೈಟಿಗಳಲ್ಲಿ ‘ಕಂಟೆಂಪ್ಟ್’ ಎಂಬ ಇಂಗ್ಲಿಷ್ ಹೆಸರಲ್ಲೇ ಓಡಾಡಿದ ಚಿತ್ರ. ಒಂದೂಮುಕ್ಕಾಲು ಗಂಟೆಗೆ ತುಸು ಕಡಿಮೆ ಇರುವ ಆ ಸಿನಿಮಾದ ತುಂಬ ಗೊದಾರ್ ಈ ಕಾಲು ಗಂಟೆಯನ್ನೇ ಮತ್ತೆ ಮತ್ತೆ ಬಳಸಿದರು. ನಲ್ಲಿ ತಿರುಗಿಸಿದ ಹಾಗೆ ಬೇಕೆಂದಾಗ ಬಿಟ್ಟರು, ಬೇಡವೆಂದಾಗ ನಿಲ್ಲಿಸಿದರು. ಗಂಡಹೆಂಡತಿ ಮಾತಾಡುತ್ತಿರುವಾಗ ಸಂಗೀತ ಇದ್ದಕ್ಕಿದ್ದಂತೆ ಏರಿ ಅವರ ಮಾತನ್ನೇ ಮುಚ್ಚುತ್ತದೆ. ಕೇಳುತ್ತ ಕೂತವರ ಮನಸ್ಸು ಅದರೊಳಗೆ ಇಳಿಯುವಷ್ಟರಲ್ಲಿ ಕತ್ತರಿ ಬಿದ್ದಿರುತ್ತದೆ.

ಮೊದಲ ದೃಶ್ಯವನ್ನೇ ನೋಡಿ. ಕಲಾವಿದರ, ತಂತ್ರಜ್ಞರ ಹೆಸರುಗಳನ್ನು ಅಕ್ಷರದಲ್ಲಿ ತೋರಿಸುವುದಿಲ್ಲ, ಒಂದು ದನಿ ಓದಿ ಹೇಳುತ್ತದೆ. ದೂರದಿಂದ ಒಬ್ಬ ಯುವತಿ ಪುಸ್ತಕ ಓದುತ್ತ ನಡೆದು ಬರುತ್ತಾಳೆ, ಅವಳ ಪಕ್ಕದಲ್ಲಿ ಹಳಿಯ ಮೇಲೆ ಕ್ಯಾಮೆರಾ ಉರುಳಿಕೊಂಡು ಬರುತ್ತದೆ. ಕ್ಯಾಮೆರಾದ ಹಿಂದೆ ಕೂತವರು ಈ ಚಿತ್ರದ ನಿಜವಾದ ಛಾಯಾಗ್ರಾಹಕ ರೌಲ್ ಕುತಾರ್. ಹತ್ತಿರ ಬಂದ ಮೇಲೆ ಅವರು ಕ್ಯಾಮೆರಾವನ್ನು ನಮ್ಮತ್ತಲೇ ತಿರುಗಿಸುತ್ತಾರೆ. ಅಷ್ಟೂ ಹೊತ್ತು ಕೆಳಗೆ ಹರಿಯುತ್ತಿರುವುದು ದೆಲರೂ ಅವರ ತಂತಿವಾದ್ಯಗಳು. ಮರುಕ್ಷಣ ಮಲಗುವ ಕೋಣೆ. ಬ್ರಿಜಿತ್ ಬಾರ್ದೊ ಬೆತ್ತಲೆ ಬೋರಲು ಮಲಗಿ, ತನ್ನ ಪಾದ ಚೆಂದವೇ, ಮೊಣಕಾಲು ಚೆಂದವೇ ಎಂದು ಗಂಡನನ್ನು ಒಂದೊಂದಾಗಿ ಕೇಳುತ್ತಾಳೆ. ಬಾರ್ದೊಳಂಥ ತಾರೆಗೆ ದುಡ್ಡು ಸುರಿದ ಮೇಲೆ ಮೈ ತೋರಿಸದಿದ್ದರೆ ಹೇಗೆ ಎಂದು ಅಮೆರಿಕದ ನಿರ್ಮಾಪಕ ಜೋಸೆಫ್ ಲೆವೀನ್ ಹಟ ಹಿಡಿದದ್ದರಿಂದ ಆಮೇಲೆ ಸೇರಿಸಿದ ದೃಶ್ಯ ಇದು. ಗೊದಾರ್ ಒಪ್ಪಿದರು, ಆದರೆ ತಮ್ಮ ರೀತಿಯಲ್ಲಿ: ಒಂದಷ್ಟು ಹೊತ್ತು ಕೆಂಪು ಬೆಳಕು, ಆಮೇಲೆ ಸಹಜ ಬೆಳಕು, ಆಮೇಲೆ ನೀಲಿ. ಬಣ್ಣಗಳಿಗಿಂತ ಹೆಚ್ಚು ಕೆಲಸ ಮಾಡಿದ್ದು ಸಂಗೀತ ಎಂದು ನನ್ನ ಎಣಿಕೆ. ಆ ಸ್ವರಪಂಕ್ತಿ ಮೇಲೇರುತ್ತದೆ, ತುದಿ ಮುಟ್ಟುವ ಮೊದಲೇ ಜಾರಿ ಕೆಳಗಿಳಿಯುತ್ತದೆ, ತುಸು ಬೇರೆ ಸ್ವರಮೇಳದಲ್ಲಿ ಮತ್ತೆ ಏರುತ್ತದೆ. ನೆಲೆ ಸಿಕ್ಕಿತು ಎನ್ನುವ ಸಮಾಧಾನ ಅದಕ್ಕೆ ಇಲ್ಲವೇ ಇಲ್ಲ. ಗಂಡ ಹೆಂಡತಿಯನ್ನು ಹೊಗಳುತ್ತಿದ್ದಾನೆ, ಸಂಗೀತ ಆಗಲೇ ಈ ದಾಂಪತ್ಯಕ್ಕೆ ಶೋಕ ಆಚರಿಸುತ್ತಿದೆ. ಲೆವೀನ್ ಕೇಳಿದ್ದು ಸಿಕ್ಕಿತು, ಆದರೆ ಸಿಗಲೂ ಇಲ್ಲ.

ತಮಾಷೆಯೆಂದರೆ, ಇದೇ ಚಿತ್ರವನ್ನು ಇಟಲಿಯಲ್ಲಿ ಬಿಡುಗಡೆ ಮಾಡುವಾಗ ಇನ್ನೊಬ್ಬ ನಿರ್ಮಾಪಕ ಕಾರ್ಲೊ ಪೊಂಟಿ ದೆಲರೂ ಸಂಗೀತವನ್ನು ಪೂರ್ತಿ ತೆಗೆದು ಪಿಯೆರೊ ಪಿಚೋನಿ ಎಂಬ ಇಟಲಿಯ ಸಂಗೀತಗಾರರ ಕೈಯಲ್ಲಿ ಬೇರೆಯದನ್ನೇ ಹಾಕಿಸಿದರು. ಒಂದೇ ಸಿನಿಮಾ, ಗಡಿಯ ಈಚೆಗೊಂದು ಭಾವ, ಆಚೆಗೊಂದು ಭಾವ.

ಹೀಗೆ ಸಂಗೀತಗಾರನನ್ನು ಕೇಳದೆ ಕೂಡಿಸಿ ಕಳೆಯುತ್ತಿದ್ದ ಕಾಲಕ್ಕೆ, ಫ್ರಾನ್ಸಿನ ಕಾನೂನು ಅವನ ಬಗ್ಗೆ ಹೇಳುತ್ತಿದ್ದುದೇ ಬೇರೆ. 1957ರ ಮಾರ್ಚ್ 11ರ ಕೃತಿಸ್ವಾಮ್ಯ ಕಾಯ್ದೆ ಒಂದು ಚಿತ್ರದ ಕರ್ತೃಗಳು ಯಾರೆಂದು ಹೆಸರಿಸುವಾಗ ಚಿತ್ರಕಥೆ, ರೂಪಾಂತರ, ಸಂಭಾಷಣೆ ಬರೆದವರು ಮತ್ತು ನಿರ್ದೇಶಕರ ಸಾಲಿನಲ್ಲೇ ಆ ಚಿತ್ರಕ್ಕೆಂದೇ ಸಂಗೀತ ರಚಿಸಿದವರನ್ನೂ ಕೂರಿಸಿತು. ಆ ಸಾಲಿನಲ್ಲಿ ನಿರ್ಮಾಪಕನಿಗೆ ಜಾಗವಿಲ್ಲ. ಚಿತ್ರಮಂದಿರದಲ್ಲಿ ಸಿನಿಮಾ ಓಡಿದರೆ ಅದರೊಳಗಿನ ಸಂಗೀತಕ್ಕೂ ಸಂಭಾವನೆ ಸಲ್ಲಬೇಕು. 1851ರಿಂದ ಇರುವ ‘ಸಾಸೆಮ್’ ಎಂಬ ಸಂಗೀತಗಾರರ ಸಂಘ ಅದನ್ನು ವಸೂಲು ಮಾಡಿ ಹಂಚುತ್ತದೆ. ಹಾಲಿವುಡ್ಡಿನ ಲೆಕ್ಕ ಇದಕ್ಕೆ ತದ್ವಿರುದ್ಧ: ಅಲ್ಲಿ ಸಂಗೀತವೆಂದರೆ ಕೂಲಿ ಕೊಟ್ಟು ಮಾಡಿಸಿದ ಕೆಲಸ, ಅದರ ಹಕ್ಕು ಸ್ಟುಡಿಯೋದ್ದು, ಚಿತ್ರಮಂದಿರಗಳಿಂದ ಸಂಗೀತಗಾರನಿಗೆ ಬಿಡಿಗಾಸಿಲ್ಲ. ನಮ್ಮಲ್ಲಿ 2012ರ ತಿದ್ದುಪಡಿ ಗೀತರಚನಕಾರರಿಗೂ ಸಂಗೀತ ನಿರ್ದೇಶಕರಿಗೂ ಬಿಟ್ಟುಕೊಡಲಾಗದ ಗೌರವಧನದ ಹಕ್ಕು ಕೊಟ್ಟಿತಾದರೂ ಚಿತ್ರಮಂದಿರದ ಪ್ರದರ್ಶನವನ್ನು ಅದರಿಂದ ಹೊರಗಿಟ್ಟಿತು. ಅಂದರೆ ದೆಲರೂ ತಮ್ಮ ದೇಶದಲ್ಲಿ ಕಾಗದದ ಮೇಲೆ ಗೊದಾರ್ ಅವರ ಸರಿಸಮಾನರು. ಮಿಕ್ಸಿಂಗ್ ಮೇಜಿನ ಮುಂದೆ ಮಾತ್ರ ಯಾರೂ ಅಲ್ಲ. ಅವರ ನಾಲ್ಕು ದಶಕಗಳ ವೃತ್ತಿಯನ್ನು ಈ ಎರಡರ ನಡುವಿನ ಜಗ್ಗಾಟವಾಗಿ ನೋಡಿದರೆ ಹಲವು ಸಂಗತಿಗಳು ಬಿಚ್ಚಿಕೊಳ್ಳುತ್ತವೆ.

ಅವರು ಹುಟ್ಟಿದ್ದು 1925ರ ಮಾರ್ಚ್ 12ರಂದು, ಬೆಲ್ಜಿಯಂ ಗಡಿಗೆ ಹತ್ತಿರದ ರುಬೇ ಪಟ್ಟಣದಲ್ಲಿ. ಉಣ್ಣೆ, ನೂಲು, ಮಗ್ಗ, ಹೊಗೆಕೊಳವೆಗಳ ಊರು. ಹದಿನಾಲ್ಕರ ಹುಡುಗ ಕಾರ್ಖಾನೆಯಲ್ಲಿ ದುಡಿಯುತ್ತಲೇ ಊರಿನ ಸಂಗೀತ ಶಾಲೆಯಲ್ಲಿ ಕ್ಲಾರಿನೆಟ್ ಕಲಿಯುತ್ತಿದ್ದ. ಆಮೇಲೊಂದು ಸೈಕಲ್ ಅಪಘಾತ, ಬೆನ್ನುಮೂಳೆಯ ಶಸ್ತ್ರಚಿಕಿತ್ಸೆ, ತಿಂಗಳುಗಟ್ಟಲೆ ಹಾಸಿಗೆ. ಕ್ಲಾರಿನೆಟ್ ಊದುವ ಕನಸು ಅಲ್ಲಿಗೆ ಮುಗಿಯಿತು. ಮಲಗಿದ್ದಲ್ಲೇ ಹುಡುಗ ಸಂಗೀತ ಬರೆಯುವವನಾಗಬೇಕೆಂದು ನಿಶ್ಚಯಿಸಿದ. ಯುದ್ಧ ಮುಗಿದ 1945ರಲ್ಲಿ ಪ್ಯಾರಿಸ್ಸಿನ ಕನ್ಸರ್ವತೋರಿಗೆ ಸೇರಿ ಆಂರಿ ಬ್ಯೂಸೆರ್, ದಾರಿಯುಸ್ ಮಿಯೋ ಅವರ ಬಳಿ ಕಲಿತರು. ಹಗಲು ಫ್ಯೂಗ್ ಅಭ್ಯಾಸ, ರಾತ್ರಿ ಹೊಟ್ಟೆಪಾಡಿಗೆ ಬಾರುಗಳಲ್ಲಿ ಪಿಯಾನೊ. 1949ರಲ್ಲಿ ಪ್ರಿ ದ ರೋಮ್ ಸ್ಪರ್ಧೆಯಲ್ಲಿ ಎರಡನೆಯ ಸ್ಥಾನ. ಒಳ್ಳೆಯ ಕುಲೀನ ಸಂಗೀತಗಾರನಾಗಿ ಅಧ್ಯಾಪಕ ವೃತ್ತಿಯಲ್ಲಿ ನೆಲೆಯೂರಲು ಅಷ್ಟು ಸಾಕಿತ್ತು.

ದಾರಿ ತಪ್ಪಿಸಿದವರು ಗುರು ಮಿಯೋ ಅವರೇ. ಶಾಸ್ತ್ರೀಯ ಸಂಗೀತದವರು ಸಿನಿಮಾಕ್ಕೆ ಬರೆಯುವುದು ಫ್ರಾನ್ಸಿನಲ್ಲಿ ಅವಮಾನದ ಸಂಗತಿಯಾಗಿರಲಿಲ್ಲ. 1908ರಷ್ಟು ಹಿಂದೆಯೇ ಸೆಂ ಸಾನ್ಸ್ ಒಂದು ಮೂಕಿಚಿತ್ರಕ್ಕೆ ಸಂಗೀತ ಬರೆದಿದ್ದರು, ಒನೆಗೆರ್ ಬರೆದಿದ್ದರು, ಮಿಯೋ ಕೂಡ. ನಾಟಕಕ್ಕೆ ಹೋಗು ಎಂದು ಅವರು ಶಿಷ್ಯನನ್ನು ಅವಿನ್ಯೋನಿಗೆ ಕಳಿಸಿದರು. ಅಲ್ಲಿ ಝಾನ್ ವಿಲಾರ್ ಹಳೆಯ ಪೋಪರ ಅರಮನೆಯ ಅಂಗಳದಲ್ಲಿ ಬಯಲು ನಾಟಕೋತ್ಸವ ಶುರು ಮಾಡಿ ಇನ್ನೂ ವರ್ಷವಷ್ಟೇ ಆಗಿತ್ತು. ಮಾತಿನ ನಡುವೆ ಎಲ್ಲಿ ನುಸುಳಬೇಕು, ಎಲ್ಲಿ ಸುಮ್ಮನಿರಬೇಕು ಎಂಬ ಪಾಠ ದೆಲರೂ ಅವರಿಗೆ ಸಿಕ್ಕಿದ್ದು ರಂಗಭೂಮಿಯಲ್ಲಿ. ವಿಲಾರ್ ಗರಡಿಯಲ್ಲಿ ಪಳಗಿದ ಇನ್ನೊಬ್ಬರು ಮೋರಿಸ್ ಝಾರ್, ವಯಸ್ಸಿನಲ್ಲಿ ಆರು ತಿಂಗಳು ದೊಡ್ಡವರು. ‘ಲಾರೆನ್ಸ್ ಆಫ್ ಅರೇಬಿಯಾ’ ಆದ ಮೇಲೆ ಝಾರ್ ಹಾಲಿವುಡ್ಡಿನವರೇ ಆಗಿಹೋದರು. ಸಾವನದುರ್ಗ, ರಾಮನಗರದ ಬಂಡೆಗಳ ನಡುವೆ ಡೇವಿಡ್ ಲೀನ್ ಚಿತ್ರೀಕರಿಸಿದ ‘ಎ ಪ್ಯಾಸೇಜ್ ಟು ಇಂಡಿಯಾ’ಕ್ಕೆ ಮೂರನೆಯ ಆಸ್ಕರ್ ಗೆದ್ದವರು ಅವರೇ. ದೆಲರೂ ಬಹುಕಾಲ ಊರು ಬಿಡಲಿಲ್ಲ.

ಐವತ್ತರ ದಶಕದ ಕೊನೆಯಲ್ಲಿ ಅವರು ಕಿರುಚಿತ್ರಗಳಿಗೆ ಬರೆಯುತ್ತಿದ್ದರು. ಆನ್ಯೆಸ್ ವಾರ್ದಾ ಅವರದೇ ಎರಡು. ಅಲೆನ್ ರೆನೆ ‘ಹಿರೋಶಿಮಾ ಮೊನಮೂರ್’ ಚಿತ್ರದ ಸಂಗೀತವನ್ನು ಇಟಲಿಯ ಜೊವಾನಿ ಫುಸ್ಕೊ ಅವರಿಗೆ ವಹಿಸಿ, ಕಾಫಿಹೌಸಿನ ಜೂಕ್‌ಬಾಕ್ಸಿನಲ್ಲಿ ಕೇಳಿಸುವ ಒಂದು ವಾಲ್ಟ್ಸನ್ನು ಮಾತ್ರ ದೆಲರೂ ಅವರಿಂದ ಬರೆಸಿದರು. ಚಿತ್ರ ನೋಡಿ ಬಂದವರು ಗುನುಗುವುದು ಆ ವಾಲ್ಟ್ಸನ್ನೇ.

ಗೊದಾರ್ ಮುಂತಾದ ಫ್ರೆಂಚ್ ‘ಹೊಸ ಅಲೆ’ಯ ನಿರ್ದೇಶಕರಿಗೆ ದೆಲರೂ ಸರಿಹೊಂದಲು ಒಂದು ಕಾರಣ ಅವರ ಮಿತವ್ಯಯ. ಆ ಹುಡುಗರ ಬಳಿ ದುಡ್ಡಿರಲಿಲ್ಲ, ದೊಡ್ಡ ವಾದ್ಯವೃಂದ ಕೈಗೆಟುಕುತ್ತಿರಲಿಲ್ಲ. ಹಾಲಿವುಡ್ಡಿನಲ್ಲಿ ಸಂಗೀತ ನಿರ್ದೇಶಕ ರಾಗದ ಎಳೆ ಬರೆದರೆ ಅದನ್ನು ವಾದ್ಯಗಳಿಗೆ ಹಂಚಲು ಬೇರೆಯವರಿರುತ್ತಾರೆ. ದೆಲರೂ ಪ್ರತಿ ವಾದ್ಯದ ಸಾಲನ್ನೂ ತಾವೇ ಬರೆದು, ಧ್ವನಿಮುದ್ರಣದಲ್ಲಿ ಕೋಲು ಹಿಡಿದು ತಾವೇ ನಡೆಸುತ್ತಿದ್ದರು. ನಮ್ಮ ಗಾಂಧಿನಗರದವರು ‘ಆರ್‌ಆರ್’ ಎನ್ನುವ ಹಿನ್ನೆಲೆ ಸಂಗೀತದ ಕೆಲಸದ ಶಿಸ್ತು ಎಲ್ಲ ಕಡೆಯೂ ಒಂದೇ: ಎಡಿಟರ್ ಕೊಟ್ಟ ಪಟ್ಟಿಯಲ್ಲಿ ಬಾಗಿಲು ತೆರೆಯುವುದಕ್ಕೆ ಇಷ್ಟು ಸೆಕೆಂಡು, ಅವಳು ತಿರುಗಿ ನೋಡುವುದಕ್ಕೆ ಇಷ್ಟು ಸೆಕೆಂಡು; ಆ ಅಳತೆಯೊಳಗೇ ಹಾಡಬೇಕು, ಆದರೆ ಅಳತೆಯಿದೆಯೆಂದು ಗೊತ್ತಾಗಬಾರದು. ಇದರಲ್ಲಿ ದೆಲರೂ ನಿಸ್ಸೀಮರು. ಎಂಟು ಹತ್ತು ಆವರ್ತಗಳಲ್ಲಿ ಮುಗಿಯುವ ಅವರ ಚಿಕ್ಕ ಚಿಕ್ಕ ರಾಗಗಳು ಮೊಟಕಾಗಿವೆ ಎಂದು ಅನ್ನಿಸುವುದಿಲ್ಲ.

ನಿರ್ದೇಶಕ ಫ್ರಾಂಸ್ವಾ ತ್ರುಫೊ ಜೊತೆಗಿನ ಒಡನಾಟ 1960ರ ‘ಶೂಟ್ ದ ಪಿಯಾನೊ ಪ್ಲೇಯರ್’ನಿಂದ ಮೊದಲಾಯಿತು. ಚಿತ್ರ ತೆರೆದುಕೊಳ್ಳುವುದೇ ಒಂದು ಪಿಯಾನೊದ ಹೊಟ್ಟೆಯೊಳಗೆ; ಹೆಸರುಗಳು ಬರುವಷ್ಟು ಹೊತ್ತೂ ಪುಟ್ಟ ಸುತ್ತಿಗೆಗಳು ತಂತಿಗಳ ಮೇಲೆ ಬಡಿಯುವುದನ್ನು ನೋಡುತ್ತಿರುತ್ತೇವೆ. ಶಾರ್ಲ್ ಆಜ್ನಾವೂರ್ ಅವರ ಪಾತ್ರ ಸಂಗೀತ ಕಛೇರಿಯ ವೇದಿಕೆಯಿಂದ ಜಾರಿ, ಅಗ್ಗದ ಬಾರಿನಲ್ಲಿ ಕುಣಿಯುವವರಿಗೆ ಪಿಯಾನೊ ಬಾರಿಸುತ್ತ ಕೂತ ಕಲಾವಿದ. ಅಂಥ ಸ್ಟೂಲಿನ ಮೇಲೆ ಸ್ವತಃ ಕೂತು ಬಂದವರು ಮಾತ್ರ ಬರೆಯಬಲ್ಲ ಟ್ಯೂನು ಅದು: ಲವಲವಿಕೆಯದು, ಲೊಟಲೊಟ ಸದ್ದಿನದು, ಕೇಳುತ್ತ ಕೇಳುತ್ತ ಯಾಕೋ ಮನಸ್ಸು ಭಾರವಾಗುವಂಥದು.

ಎರಡು ವರ್ಷದ ಮೇಲೆ ‘ಜೂಲ್ಸ್ ಅಂಡ್ ಜಿಮ್’. ಮೂವರು ಸೈಕಲ್ ತುಳಿಯುತ್ತ ಇಳಿಜಾರಿನಲ್ಲಿ ಸಾಗುವಾಗ ಬರುವ ಸಂಗೀತದಲ್ಲಿ ರಜೆಯ ಬೆಳಗು ಇದೆ. ಸೈಕಲ್ಲಿನಿಂದ ಬಿದ್ದು ಹಾಸಿಗೆ ಹಿಡಿದಿದ್ದವರು ಇಷ್ಟು ನಿರ್ಮಲವಾಗಿ ಬರೆದದ್ದೇ ಸೋಜಿಗ. ಆದರೆ ಆ ಚಿತ್ರ ಎಂದೊಡನೆ ಎಲ್ಲರ ಬಾಯಿಗೆ ಬರುವ ಝಾನ್ ಮೊರೋ ಹಾಡಿದ ‘ಲ ತೂರ್ಬಿಯೋಂ’ ದೆಲರೂ ಅವರದಲ್ಲ, ಅದೇ ಚಿತ್ರದಲ್ಲಿ ಗಿಟಾರ್ ಹಿಡಿದು ಕೂತಿರುವ ಸೆರ್ಜ್ ರೆಜ್ವಾನಿ ಅವರದು. ಇಡೀ ಮನೆ ಕಟ್ಟಿದವರೊಬ್ಬರು, ಜನ ಫೋಟೊ ತೆಗೆಸಿಕೊಳ್ಳುವ ಕಿಟಕಿ ಇನ್ನೊಬ್ಬರದು. ಸಿನಿಮಾ ಸಂಗೀತದಲ್ಲಿ ಇದು ಹೊಸದೇನಲ್ಲ.

ತ್ರುಫೊ ನಿಷ್ಠರೇನೂ ಆಗಿರಲಿಲ್ಲ. ‘ದ ಸಾಫ್ಟ್ ಸ್ಕಿನ್’ ಆದ ಮೇಲೆ ಏಳು ವರ್ಷ ಅವರು ಹಿಚ್‌ಕಾಕ್ ಮೋಹದಲ್ಲಿ ಅವರ ಸಂಗೀತಗಾರ ಬರ್ನಾರ್ಡ್ ಹರ್ಮನ್ ಬಳಿ ಹೋದರು, ಆಮೇಲೆ ಆಂತ್ವಾನ್ ದ್ಯುಆಮೆಲ್ ಬಳಿ. ಎಪ್ಪತ್ತರ ದಶಕದ ನಡುವೆ ಸಾಲಾಗಿ ನಾಲ್ಕು ಚಿತ್ರಗಳಿಗೆ 1940ರ ಯುದ್ಧದಲ್ಲಿ ಮಡಿದಿದ್ದ ಮೋರಿಸ್ ಝೋಬೆರ್ ಅವರ ಹಳೆಯ ಸಂಗೀತವನ್ನೇ ಬಳಸಿದರು. ಬದುಕಿರುವವರಿಗಿಂತ ಸತ್ತವರ ಜೊತೆ ಕೆಲಸ ಸಲೀಸು, ತಕರಾರು ಇರುವುದಿಲ್ಲ! ಆದರೂ ಕೊನೆಗೆ ಲೆಕ್ಕ ಹಾಕಿದರೆ ಹನ್ನೊಂದು ಚಿತ್ರಗಳಲ್ಲಿ ಜೊತೆಗಿದ್ದವರು ದೆಲರೂ. ‘ಟೂ ಇಂಗ್ಲಿಷ್ ಗರ್ಲ್ಸ್’ನಲ್ಲಿ ನಾಯಕನ ವ್ಯವಹಾರ ನೋಡಿಕೊಳ್ಳುವವನಾಗಿ ಸಣ್ಣ ಪಾತ್ರವನ್ನೂ ಮಾಡಿದರು. ಅದು 1971ರಲ್ಲಿ ಗಲ್ಲಾಪೆಟ್ಟಿಗೆಯಲ್ಲಿ ಬಿದ್ದ ಚಿತ್ರ; ಅವರ ಅತ್ಯುತ್ತಮ ಸಂಗೀತ ಅಲ್ಲೇ ಇದೆ ಎನ್ನುವವರ ಗುಂಪಿನಲ್ಲಿ ನಾನೂ ಇದ್ದೇನೆ.

1973ರ ‘ಡೇ ಫಾರ್ ನೈಟ್’ನಲ್ಲಿ ಸಂಗೀತ ನಿರ್ದೇಶಕನಿಗೆ ಸಿನಿಮಾ ಕೊಟ್ಟ ಅಪರೂಪದ ಮರ್ಯಾದೆಯ ದೃಶ್ಯವಿದೆ. ನೀಸ್ ನಗರದ ಸ್ಟುಡಿಯೋದಲ್ಲಿ ಶೂಟಿಂಗ್ ನಡೆಯುತ್ತಿದೆ. ನಿರ್ದೇಶಕನ ಪಾತ್ರದಲ್ಲಿ ತ್ರುಫೊ ಅವರೇ. ಸಂಗೀತ ಸಿದ್ಧವಾಗಿದೆ ಎಂದು ಫೋನ್ ಬರುತ್ತದೆ, ಆ ಕಡೆಯಿಂದ ಸಂಗೀತ ಕೇಳಿಸುತ್ತಾರೆ. ಕಿವಿಗೆ ರಿಸೀವರ್ ಒತ್ತಿಕೊಂಡೇ ನಿರ್ದೇಶಕ ಅಂಚೆಯಲ್ಲಿ ಬಂದ ಕಟ್ಟು ಬಿಚ್ಚುತ್ತಾನೆ. ಒಂದೊಂದೇ ಪುಸ್ತಕ ಮೇಜಿನ ಮೇಲೆ ಬೀಳುತ್ತದೆ: ಬುನ್ಯುವೆಲ್, ಡ್ರೈಯರ್, ಬರ್ಗ್‌ಮನ್, ಹಿಚ್‌ಕಾಕ್, ಬ್ರೆಸ್ಸಾನ್, ಗೊದಾರ್. ಯಾರೂ ಮಾತಾಡುವುದಿಲ್ಲ. ಫೋನಿನ ತೆಳು ದನಿಯಲ್ಲಿ ಬರುವ ಸಂಗೀತವೇ ದೃಶ್ಯದ ಸಂಗೀತ. (ಆ ರಾಶಿಯಲ್ಲಿದ್ದ ಗೊದಾರ್ ಈ ಚಿತ್ರ ನೋಡಿ ಸಿಟ್ಟಾಗಿ ತ್ರುಫೊಗೆ ಕಟುವಾದ ಪತ್ರ ಬರೆದರು, ಹಳೆಯ ಸ್ನೇಹ ಅಲ್ಲಿಗೆ ಮುರಿಯಿತು. ಇಬ್ಬರಿಗೂ ಸಂಗೀತ ಕೊಟ್ಟ ದೆಲರೂ ತಮ್ಮ ಪಾಡಿಗೆ ತಾವು ಕೆಲಸ ಮಾಡುತ್ತಿದ್ದರು.) ಅದೇ ಚಿತ್ರದ ‘ಗ್ರಾಂ ಕೊರಾಲ್’, ತುತ್ತೂರಿಗಳು ಮೊಳಗುವ ಬರೋಕ್ ಧಾಟಿಯ ತುಣುಕು, ಟ್ರಾಲಿ ತಳ್ಳುವವರನ್ನೂ ದೀಪ ಎತ್ತುವವರನ್ನೂ ದೇವಾಲಯ ಕಟ್ಟುವವರ ಮಟ್ಟಕ್ಕೆ ಏರಿಸಿಬಿಡುತ್ತದೆ. ಸಿನಿಮಾ ಶೂಟಿಂಗ್ ಎಂಬ ಗೋಜಲನ್ನು ಇಷ್ಟು ಪ್ರೀತಿಯಿಂದ ಯಾರೂ ಕಂಡಿಲ್ಲ.

ಕಲಾತ್ಮಕ ಚಿತ್ರಗಳದೇ ಮಾತಾಯಿತು. ದೆಲರೂ ಬರೆದ ಮುನ್ನೂರಕ್ಕೂ ಹೆಚ್ಚು ಸಿನಿಮಾ, ಟಿವಿ ಸಂಗೀತಗಳಲ್ಲಿ ಪೆಟ್ಟಿಗೆ ತುಂಬಿಸಿದ ಚಿತ್ರಗಳಿಗೇನೂ ಕೊರತೆಯಿಲ್ಲ. ಫಿಲಿಪ್ ದ ಬ್ರೋಕಾ ಅವರ ‘ದಟ್ ಮ್ಯಾನ್ ಫ್ರಂ ರಿಯೊ’ದಲ್ಲಿ ನಾಯಕ ಬೆಲ್ಮಾಂಡೊ ಓಡಿ ಹಾರಿ ಜಿಗಿಯುವುದಕ್ಕೆಲ್ಲ ತಾಳ ಹಾಕಿದವರು ಅವರು. 1965ರ ‘ಲ ಕೊರ್ನಿಯೋ’ ಫ್ರಾನ್ಸಿನಲ್ಲಿ ಒಂದು ಕೋಟಿಗೂ ಹೆಚ್ಚು ಟಿಕೆಟ್ ಮಾರಿದ ಹಾಸ್ಯಚಿತ್ರ. ಸಾಸೆಮ್ ಲೆಕ್ಕದಲ್ಲಿ ಮನೆಗೆ ಅಕ್ಕಿಬೇಳೆ ತರುವುದು ಇಂಥವೇ, ಗೊದಾರ್ ಅಲ್ಲ. ಪ್ರಶಸ್ತಿಗಳೂ ಬಂದವು: 1979ರಿಂದ 81ರವರೆಗೆ ಸತತ ಮೂರು ವರ್ಷ ಫ್ರಾನ್ಸಿನ ಸೆಸಾರ್; 1980ರಲ್ಲಿ ‘ಎ ಲಿಟಲ್ ರೊಮಾನ್ಸ್’ಗೆ ಆಸ್ಕರ್. ಪ್ಯಾರಿಸ್ಸಿನ ಹುಡುಗ, ಅಮೆರಿಕದ ಹುಡುಗಿ ವೆನಿಸ್ಸಿಗೆ ಓಡಿಹೋಗುವ ಮುದ್ದಾದ ಕಥೆ. ಅದನ್ನು ನೋಡಿದವರಿಗೆ ನೆನಪಿರುವುದು ನಡುವೆ ಬಳಸಿಕೊಂಡ ವಿವಾಲ್ಡಿ. ಇಲ್ಲೂ ಅದೇ ಕಿಟಕಿಯ ಕಥೆ.

ಎಂಬತ್ತರ ದಶಕದಲ್ಲಿ ಅವರು ಲಾಸ್ ಏಂಜಲೀಸಿಗೆ ನೆಲೆ ಬದಲಿಸಿದರು. ಅಲ್ಲಿ ಕೆಲಸ ಬೇಕಾದಷ್ಟು ಸಿಕ್ಕಿತು, ಪೆಟ್ಟೂ ಬಿತ್ತು. ಡಿಸ್ನಿಯ ‘ಸಮ್‌ಥಿಂಗ್ ವಿಕೆಡ್ ದಿಸ್ ವೇ ಕಮ್ಸ್’ಗೆ ಬರೆದ ಸಂಗೀತವನ್ನು ಪೂರ್ತಿ ಬಿಸುಟು ಜೇಮ್ಸ್ ಹಾರ್ನರ್ ಅವರಿಂದ ಹೊಸದು ಮಾಡಿಸಲಾಯಿತು. 1991ರ ‘ರಿಗಾರ್ಡಿಂಗ್ ಹೆನ್ರಿ’ಯಲ್ಲಿ ಅವರ ಜಾಗಕ್ಕೆ ಹಾನ್ಸ್ ಜಿಮ್ಮರ್ ಬಂದರು. ಎಲ್ಲಕ್ಕಿಂತ ಚೋದ್ಯದ್ದು ಆಲಿವರ್ ಸ್ಟೋನ್ ಅವರ ವಿಯೆಟ್ನಾಂ ಯುದ್ಧದ ಚಿತ್ರ ‘ಪ್ಲಟೂನ್’. ಎಡಿಟಿಂಗ್ ನಡೆಯುವಾಗ ನಿಜವಾದ ಸಂಗೀತ ಬರುವವರೆಗೆ ತಾತ್ಕಾಲಿಕವಾಗಿ ಬೇರೆಯವರ ರೆಕಾರ್ಡನ್ನು ಅಂಟಿಸಿಟ್ಟುಕೊಳ್ಳುವುದು ಅಲ್ಲಿನ ರೂಢಿ. ದಿನವೂ ಅದನ್ನೇ ಕೇಳಿ ಕೇಳಿ ನಿರ್ದೇಶಕ ಅದಕ್ಕೇ ಮನಸೋತಿರುತ್ತಾನೆ. ಸ್ಟೋನ್ ಅಂಟಿಸಿಕೊಂಡಿದ್ದು ಸ್ಯಾಮುಯೆಲ್ ಬಾರ್ಬರ್ ಅವರ ‘ಅಡಾಜಿಯೊ’. ದೆಲರೂ ಬರೆದದ್ದರಲ್ಲಿ ಹೆಚ್ಚಿನದು ಪಕ್ಕಕ್ಕೆ ಸರಿಯಿತು, ಬಾರ್ಬರ್ ಉಳಿದರು. ಆ ಬಾರ್ಬರನ್ನು ವ್ಯಾಂಕೂವರ್ ಸಿಂಫನಿಯ ಮುಂದೆ ನಿಂತು ಚಿತ್ರಕ್ಕಾಗಿ ನುಡಿಸಿಕೊಟ್ಟವರೂ ದೆಲರೂ ಅವರೇ. ತನ್ನನ್ನು ಹೊರಹಾಕಿದ ಕೃತಿಗೆ ತಾನೇ ಕೋಲು ಬೀಸುವುದಕ್ಕೆ ವೃತ್ತಿಪರತೆ ಬೇಕು. ನನ್ನಂಥವರಾದರೆ ಜ್ವರವೆಂದು ಮಲಗುತ್ತಿದ್ದೆವು.

ವಿಯೆಟ್ನಾಂ ಅವರನ್ನು ಇನ್ನೊಮ್ಮೆ ಕರೆಯಿತು, ಈ ಸಲ ಫ್ರೆಂಚರ ಯುದ್ಧ. 1954ರಲ್ಲಿ ಸೇನೆಯ ಕ್ಯಾಮೆರಾಮನ್ ಆಗಿ ಸೆರೆಸಿಕ್ಕಿದ್ದ ಪಿಯೆರ್ ಶೊಂಡೊರ್ಫೆರ್ 1992ರಲ್ಲಿ ‘ದಿಯೆನ್ ಬಿಯೆನ್ ಫು’ ಎಂಬ ಚಿತ್ರ ಮಾಡಿದರು. ಅದರಲ್ಲಿ ಒಬ್ಬ ಪಿಟೀಲು ವಾದಕಿ ಹನೋಯ್ ನಗರದ ಸಭಾಂಗಣದಲ್ಲಿ ಕಛೇರಿ ಕೊಡುತ್ತಾಳೆ, ದೂರದ ಕಣಿವೆಯಲ್ಲಿ ಸೈನಿಕರು ಸಾಯುತ್ತಿದ್ದಾರೆ. ಅವಳು ನುಡಿಸುವುದು ದೆಲರೂ ಬರೆದ ಪಿಟೀಲು ಕನ್ಚರ್ಟೊ. ಹಿನ್ನೆಲೆ ಸಂಗೀತವೆಂಬುದು ಇಲ್ಲಿ ವೇದಿಕೆ ಹತ್ತಿ ಕೂತಿದೆ, ಕಥೆಯೇ ಅದಕ್ಕೆ ಜಾಗ ಬಿಟ್ಟಿದೆ. ಮಾರ್ಚ್ ತಿಂಗಳಲ್ಲಿ ಚಿತ್ರ ಬಿಡುಗಡೆಯಾಯಿತು. ಅದೇ ಮಾರ್ಚ್ 20ರಂದು, ‘ರಿಚ್ ಇನ್ ಲವ್’ ಚಿತ್ರದ ಧ್ವನಿಮುದ್ರಣ ಮುಗಿಸಿದ ಬೆನ್ನಿಗೇ ದೆಲರೂ ಲಾಸ್ ಏಂಜಲೀಸಿನಲ್ಲಿ ತೀರಿಕೊಂಡರು. ಅರವತ್ತೇಳು ವರ್ಷ.

ಆಮೇಲಿನ ಓಡಾಟ ಸಂಗೀತದ್ದು. ಮೂರೇ ವರ್ಷದಲ್ಲಿ ಮಾರ್ಟಿನ್ ಸ್ಕಾರ್ಸೇಸಿ ‘ಕಸಿನೊ’ದಲ್ಲಿ ಲಾಸ್ ವೇಗಾಸಿನ ಜೂಜುಕಟ್ಟೆ ನಡೆಸುವವನ ಮುರಿದ ಮದುವೆಗೆ ‘ಲ ಮೆಪ್ರಿ’ಯ ನಾಯಕಿ ಕಮೀಲಳ ರಾಗವನ್ನೇ ಎತ್ತಿಕೊಂಡರು, ಇನ್ನೊಂದು ಖಂಡ, ಇನ್ನೊಂದು ದಂಪತಿ, ಅದೇ ತಿರಸ್ಕಾರ. ವೆಸ್ ಆಂಡರ್ಸನ್ ‘ಫೆಂಟಾಸ್ಟಿಕ್ ಮಿಸ್ಟರ್ ಫಾಕ್ಸ್’ನಲ್ಲಿ ಗೊಂಬೆ ನರಿಗಳಿಗೆ ‘ಗ್ರಾಂ ಕೊರಾಲ್’ ತೊಡಿಸಿದರು. ನೋವಾ ಬೌಂಬಾಕ್ ‘ಫ್ರಾನ್ಸಿಸ್ ಹಾ’ದಲ್ಲಿ ಬಾಡಿಗೆ ಕಟ್ಟಲಾಗದ ನ್ಯೂಯಾರ್ಕಿನ ಹುಡುಗಿಯನ್ನು ದೆಲರೂ ತುಣುಕುಗಳ ಮೇಲೆ ಓಡಾಡಿಸಿದರು. ಬರೆದ ಚಿತ್ರಕ್ಕೇ ಕಟ್ಟುಬಿದ್ದ ಸಂಗೀತವಾಗಿದ್ದರೆ ಇದು ಸಾಧ್ಯವಿರಲಿಲ್ಲ. ಸೆಕೆಂಡು ಎಣಿಸಿ ಬರೆದರೂ ದೆಲರೂ ಮೊದಲು ಒಂದು ಹಾಡನ್ನು ಬರೆಯುತ್ತಿದ್ದರು, ದೃಶ್ಯ ಕಿತ್ತುಕೊಂಡರೂ ನಿಲ್ಲುವಂಥದನ್ನು. ಹಾಲಿವುಡ್ ಬಿಸುಟ ಆ ಎರಡು ಸಂಗೀತಗಳೂ (‘ಸಮ್‌ಥಿಂಗ್ ವಿಕೆಡ್’, ‘ರಿಗಾರ್ಡಿಂಗ್ ಹೆನ್ರಿ’) ಆಮೇಲೆ ಡಿಸ್ಕುಗಳಾಗಿ ಹೊರಬಂದವು, ಕೊಳ್ಳುವವರೂ ಇದ್ದರು.

ಹೊಸದಾಗಿ ಕೇಳಹೊರಟವರಿಗೆ ಯಾವ ಸ್ಟ್ರೀಮಿಂಗ್ ಪಟ್ಟಿಯೂ ಕಮೀಲಳ ರಾಗವನ್ನೇ ಮೊದಲು ಕೊಡುತ್ತದೆ. ನನ್ನ ಮಾತು ಕೇಳಿದರೆ ‘ಟೂ ಇಂಗ್ಲಿಷ್ ಗರ್ಲ್ಸ್’ ಮೊದಲಿರಲಿ, ಪಿಯಾನೊ ಬಾರಿನ ಟ್ಯೂನು ಆಮೇಲೆ. ‘ಲ ಕೊರ್ನಿಯೋ’ವನ್ನೂ ಬಿಡಬೇಡಿ. ಗಂಭೀರ ರಸಿಕರು ಅದನ್ನು ದಾಟಿಕೊಂಡು ಮುಂದೆ ಹೋಗುತ್ತಾರೆ, ನಷ್ಟ ಅವರದೇ.